ಶಾಲು ಹೊದಿಸಿದ ಮೇಲೂ ಆಡಿದವಳು

ಪ್ರೀತಿಯ ಪುಟ್ಟೀ,

ಗೆಳತಿಯರ ಜೊತೆ ಐಸ್ ಹಾಕಿ ಮ್ಯಾಚ್ ನೋಡೋಕೆ ಹೋಗ್ತೀನಿ ಅಂದೆಯಲ್ಲ, ನಿನಗೆ ಫಿನ್ಲೆಂಡಿನ ಐಸ್ ಹಾಕಿ ಆಟಗಾರ್ತಿ ರೀಕ್ಕಾ ಸಲ್ಲಿನೆನ್ ಗೊತ್ತಿರಬೇಕು. ನೀನೀಗ ಓದುತ್ತಿರುವ ಯುವಾಸ್ಕುಲಾದಲ್ಲೇ 1973ರಲ್ಲಿ ಹುಟ್ಟಿದವಳು. ನಿಮ್ಮಪ್ಪ "ಹಾಕಿ ಅಂದ್ರೆ ಧ್ಯಾನ್‌ಚಂದ್, ಇದ್ಯಾವ ಹಾಕಿ?" ಅಂತ ನಗ್ತಿದ್ದಾರೆ. ನಗಲಿ ಬಿಡು.

ಆಕೆ ಒಂದೇ ಆಟಕ್ಕೆ ಅಂಟಿಕೊಂಡವಳಲ್ಲ. ಮಂಜುಗಡ್ಡೆ ಮೇಲೆ ಕೋಲಿನಿಂದ ರಬ್ಬರ್ ಬಳೆ ತಳ್ಳುವ ರಿಂಗೆಟ್, ಮಂಜುಗಡ್ಡೆ ಮೇಲೇ ಚೆಂಡಿನಲ್ಲಿ ಆಡುವ ಬ್ಯಾಂಡಿ, ಜೊತೆಗೆ ಪೆಸಾಪಲ್ಲೊ ಅಂತ ನಿಮ್ಮಲ್ಲಿ ಬೇಸಿಗೆಯಲ್ಲಿ ಆಡುವ ಬ್ಯಾಟು-ಚೆಂಡಿನ ಆಟ, ಎಲ್ಲವನ್ನೂ ಆಡಿದಳು. ಇಲ್ಲಿ ಮಗು ಎರಡು ಆಟಕ್ಕೆ ಹೋದರೆ ಸಾಕು, "ಯಾವುದಾದರೂ ಒಂದು ಹಿಡಿ" ಅಂತ ಶುರುಮಾಡ್ತೀವಿ. ನನಗೆ ಅದು ಯಾವತ್ತೂ ಸರಿ ಅನ್ನಿಸಿಲ್ಲ.

ಹೆಂಗಸರ ಐಸ್ ಹಾಕಿ ಮೊದಲ ಸಲ ಒಲಿಂಪಿಕ್ಸ್‌ಗೆ ಬಂದದ್ದು 1998ರಲ್ಲಿ, ಜಪಾನಿನ ನಾಗಾನೊದಲ್ಲಿ. ಅಲ್ಲಿ 7 ಗೋಲು ಹೊಡೆದು, 5 ಗೋಲಿಗೆ ನೆರವಾಗಿ, ಎರಡೂ ಸೇರಿಸಿ ಎಲ್ಲರಿಗಿಂತ ಜಾಸ್ತಿ ಪಾಯಿಂಟ್ ತೆಗೆದವಳು ಈಕೆ. ಕೆನಡಾ, ಅಮೆರಿಕದವರಿಗಿಂತಲೂ ಜಾಸ್ತಿ! ಚೀನಾವನ್ನು ಸೋಲಿಸಿ ಫಿನ್ಲೆಂಡ್ ಕಂಚು ಗೆದ್ದಿತು. ಹಳೇ ದಾಖಲೆಯಲ್ಲಿ ಹುಡುಕುವುದಾದರೆ ನಿಯೆಮಿನೆನ್ ಅಂತ ಹುಡುಕು. ಆಮೇಲೆ ವಾಲಿಲಾ, ಕೊನೆಗೆ ಸಲ್ಲಿನೆನ್. ಅಡ್ಡಹೆಸರು ಬದಲಾಗುತ್ತಾ ಹೋಗಿದೆ, ಆಡಿದವಳು ಒಬ್ಬಳೇ.

2003ರ ಹೊತ್ತಿಗೆ ಆಟ ಬಿಟ್ಟಳು. 2010ರಲ್ಲಿ ಅಂತರರಾಷ್ಟ್ರೀಯ ಐಸ್ ಹಾಕಿ ಫೆಡರೇಷನ್ ಆಕೆಯನ್ನು ತನ್ನ ಹಾಲ್ ಆಫ್ ಫೇಮ್‌ಗೆ ಸೇರಿಸಿತು. ಯುರೋಪಿನ ಹೆಂಗಸರಲ್ಲಿ ಆ ಗೌರವ ಸಿಕ್ಕ ಮೊದಲಿಗಳು. ನಮ್ಮ ಕಡೆ ಹೇಳುವುದಾದರೆ ಹಾರ ಹಾಕಿ, ಶಾಲು ಹೊದಿಸಿ, ಫಲತಾಂಬೂಲ ಕೊಟ್ಟು ಕಳಿಸಿದ ಹಾಗೆ. ಹಾಗೆ ಸನ್ಮಾನ ಆದ ಮೇಲೆ ಯಾರಾದರೂ ಮತ್ತೆ ಬಂದು ಟೀಮಿನಲ್ಲಿ ಜಾಗ ಕೇಳ್ತಾರಾ? ಈಕೆ ಕೇಳಿದಳು. 2013ರಲ್ಲಿ, 40ರ ವಯಸ್ಸಿನಲ್ಲಿ, ಮಕ್ಕಳ ತಾಯಿಯಾಗಿ ವಾಪಸ್ ಬಂದಳು.

ಬಂದ ಕೂಡಲೇ ಪದಕವೇನೂ ಸಿಗಲಿಲ್ಲ. 2014ರ ಸೋಚಿ ಒಲಿಂಪಿಕ್ಸ್‌ನಲ್ಲಿ ಫಿನ್ಲೆಂಡ್‌ಗೆ ಐದನೇ ಸ್ಥಾನ. ಅಲ್ಲಿಗೇ ನಿಲ್ಲಿಸಿದ್ದರೆ "ಪಾಪ, ಸುಮ್ನೆ ಬಂದಳು" ಅಂತಿದ್ದರು ಜನ. ನಿಲ್ಲಿಸಲಿಲ್ಲ. 2018ರಲ್ಲಿ ಕೊರಿಯಾದ ಪ್ಯೊಂಗ್‌ಚಾಂಗ್‌ನಲ್ಲಿ ರಷ್ಯಾದ ಆಟಗಾರ್ತಿಯರನ್ನು 3-2ರಲ್ಲಿ ಸೋಲಿಸಿ ಕಂಚು ಗೆದ್ದಾಗ ಆಕೆಗೆ 44. ಮೊದಲ ಕಂಚು ಬಂದು 20 ವರ್ಷ ಆಗಿತ್ತು. ಒಲಿಂಪಿಕ್ಸ್ ಐಸ್ ಹಾಕಿಯಲ್ಲಿ ಗಂಡಸರನ್ನೂ ಸೇರಿಸಿ ಅಷ್ಟು ವಯಸ್ಸಿಗೆ ಪದಕ ಗೆದ್ದವರು ಅದುವರೆಗೆ ಇರಲಿಲ್ಲ. ಹಿಂದಿನ ದಾಖಲೆ ನಿಮ್ಮ ಫಿನ್ಲೆಂಡಿನ ತೇಮು ಸೆಲಾನೆಯದ್ದೇ, 43ಕ್ಕೆ.

ಆದರೆ ಎಲ್ಲರೂ ಆಕೆಯ ವಯಸ್ಸನ್ನೇ ಎಣಿಸುವುದು ನನಗೆ ಹಿಡಿಸುವುದಿಲ್ಲ. ವಯಸ್ಸಾಯ್ತು ಅಂತ ಎದುರಾಳಿಗಳು ದಾರಿ ಬಿಡ್ತಾರಾ? ತನಗಿಂತ ಇಪ್ಪತ್ತು ವರ್ಷ ಚಿಕ್ಕವರ ಸಮಕ್ಕೆ ಸ್ಕೇಟ್ ಮಾಡಿಯೇ ಜಾಗ ಉಳಿಸಿಕೊಳ್ಳಬೇಕಿತ್ತು.

ಕೊನೆಯ ದೊಡ್ಡ ಪಂದ್ಯ 2019ರ ಏಪ್ರಿಲ್‌ನಲ್ಲಿ, ಎಸ್ಪೂದಲ್ಲಿ, ತಮ್ಮದೇ ಜನರ ಮುಂದೆ. ಅದುವರೆಗೆ ವಿಶ್ವ ಚಾಂಪಿಯನ್‌ಶಿಪ್ ಫೈನಲ್ ಅಂದರೆ ಕೆನಡಾ ಮತ್ತು ಅಮೆರಿಕ, ಅಷ್ಟೇ. ಫಿನ್ಲೆಂಡ್ ಸೆಮಿಫೈನಲ್‌ನಲ್ಲಿ ಕೆನಡಾವನ್ನು 4-2ರಲ್ಲಿ ಕೆಡವಿತು. ಫೈನಲ್‌ನ ಹೆಚ್ಚುವರಿ ಸಮಯದಲ್ಲಿ ಫಿನ್ಲೆಂಡಿನ ಪೆತ್ರಾ ನಿಯೆಮಿನೆನ್ (ಇವಳು ಬೇರೆ ನಿಯೆಮಿನೆನ್) ಗೋಲು ಹೊಡೆದಾಗ ಎಲ್ಲರೂ ಕುಣಿದಾಡಿದರು. ವಿಡಿಯೊ ನೋಡೀ ನೋಡೀ, ಗೋಲ್‌ಕೀಪರ್‌ಗೆ ಅಡ್ಡಿಯಾಗಿತ್ತು ಅಂತ ಗೋಲು ರದ್ದು ಮಾಡಿದರು. ಶೂಟೌಟ್‌ನಲ್ಲಿ ಅಮೆರಿಕ ಗೆದ್ದಿತು. ಬೆಳ್ಳಿ ತಗೊಂಡು, ಅದೇ ವರ್ಷ ಆಕೆ ಆಟ ಬಿಟ್ಟಳು. ರೆಫರಿ ಏನೇ ಹೇಳಲಿ, ನನ್ನ ಲೆಕ್ಕದಲ್ಲಿ ಅದು ಗೋಲೇ.

ಭಾನುವಾರ ಫೋನ್ ಮಾಡು.

ನಿನ್ನ ಅಮ್ಮ