ಅಪ್ಪನ ಕೈಯಲ್ಲಿರುವ ಮಗುವಿಗೂ ಒಂದು ಕೊಠಡಿ ಬೇಕು

ಮಾನ್ಯ ಸಂಪಾದಕರೇ,

ಒಂದೂವರೆಯಿಂದ ಮೂರು ವರ್ಷದ ಮಗುವನ್ನು ಕರೆದುಕೊಂಡು ಹೊರಗೆ ಓಡಾಡುವ ತಂದೆಯರಿಗೆ ನಮ್ಮ ಬಹುತೇಕ ಬಸ್ ನಿಲ್ದಾಣ, ಆಸ್ಪತ್ರೆ, ಸರ್ಕಾರಿ ಕಚೇರಿಗಳಲ್ಲಿ ಮಗುವನ್ನು ಶೌಚಕ್ಕೆ ಕೂರಿಸಲು, ಒದ್ದೆಯಾದ ಬಟ್ಟೆ ಬದಲಿಸಲು ತಕ್ಕ ಜಾಗವಿಲ್ಲ. ಚಿಕ್ಕ ವಿಷಯವೆಂದು ಯಾರೂ ಎತ್ತದ ಈ ತೊಂದರೆಯನ್ನು ತಮ್ಮ ಪತ್ರಿಕೆಯ ಮೂಲಕ ಸಂಬಂಧಪಟ್ಟವರ ಗಮನಕ್ಕೆ ತರಬೇಕೆಂದು ಈ ಪತ್ರ ಬರೆಯುತ್ತಿದ್ದೇನೆ.

ನನ್ನ ಹೆಂಡತಿ ಆಸ್ಪತ್ರೆಯೊಂದರಲ್ಲಿ ಪಾಳಿಯ ಮೇಲೆ ದುಡಿಯುವ ಶುಶ್ರೂಷಕಿ. ನಾನು ಅಂಗಡಿಗಳ ಲೆಕ್ಕಪತ್ರವನ್ನು ಮನೆಯಲ್ಲೇ ಕುಳಿತು ಬರೆಯುವವನಾದ್ದರಿಂದ ಎರಡೂವರೆ ವರ್ಷದ ಮಗಳ ಹಗಲು ಬಹುಪಾಲು ನನ್ನ ಜೊತೆಗೇ ಕಳೆಯುತ್ತದೆ. ಈ ವಯಸ್ಸಿನ ಮಗುವಿರುವ ಮನೆಯಲ್ಲಿ ದಿನ ಎಷ್ಟು ಉದ್ದವೋ ನಗುವೂ ಅಷ್ಟೇ ಧಾರಾಳ. ತಿನ್ನಲು ಅನುಕೂಲವಾಗಲೆಂದು ನಾನು ಬೆಣ್ಣೆದೋಸೆಯನ್ನು ಮುರಿದರೆ, ಅದನ್ನು ಮೊದಲಿದ್ದ ಹಾಗೆ ಜೋಡಿಸಿ ಕೊಡೆಂದು ಅವಳು ಹೋಟೆಲಿನ ನೆಲದ ಮೇಲೆ ಮಲಗಿ ಅಳುತ್ತಾಳೆ. ಮಾಣಿ ಕನಿಕರಪಟ್ಟು ಇನ್ನೊಂದು ದೋಸೆ ತಂದಿಟ್ಟರೆ, ಅದನ್ನು ತಾನೇ ಚೂರುಚೂರು ಮಾಡಿ ನನ್ನ ಬಾಯಿಗೆ ತುರುಕುತ್ತಾಳೆ. ಚಪ್ಪಲಿಯನ್ನು ಎಡಬಲ ಅದಲುಬದಲಾಗಿಯೇ ಹಾಕಿಕೊಳ್ಳಬೇಕು, ಅದನ್ನೂ ‘ನಾನೇ’ ಹಾಕಿಕೊಳ್ಳಬೇಕು. ಬಸ್ಸಿನಲ್ಲಿ ಒಂದು ಹಿಡಿ ಮಂಡಕ್ಕಿ ಕೊಟ್ಟರೆ ಒಂದೊಂದೇ ಹೆಕ್ಕಿ ಪಕ್ಕದ ಅಜ್ಜಿಗೊಂದು, ಕಂಡಕ್ಟರಿಗೊಂದು, ಸೀಟಿನ ಸಂದಿಗೊಂದು ಹಂಚುತ್ತ ಅರ್ಧ ದಾರಿ ಸವೆಸುತ್ತಾಳೆ. ಹಠವೆಂದು ನಾವು ಕರೆಯುವ ಈ ನಡವಳಿಕೆಯಲ್ಲಿ ಕೆಡುಕೇನೂ ಇಲ್ಲ. ತನ್ನ ಕೈ, ತನ್ನ ಕಾಲು, ತನ್ನ ಇಷ್ಟ ಎಂಬುದು ಮಗುವಿಗೆ ಹೊಸದಾಗಿ ತಿಳಿಯುತ್ತಿರುವ ಕಾಲ ಅದು.

ಮಗು ಶೌಚದ ಅಭ್ಯಾಸ ಕಲಿಯುವುದೂ ಸಾಮಾನ್ಯವಾಗಿ ಈ ಹೊತ್ತಿನಲ್ಲೇ, ಎರಡರಿಂದ ಮೂರು ವರ್ಷದ ನಡುವೆ. ಗದರಿಸಬೇಡಿ, ಮಗು ಹೇಳಿದ ಕೂಡಲೇ ಕರೆದುಕೊಂಡು ಹೋಗಿ, ಒದ್ದೆ ಮಾಡಿಕೊಂಡರೆ ಅವಮಾನ ಮಾಡಬೇಡಿ ಎಂದು ಮಕ್ಕಳ ವೈದ್ಯರು ಹೇಳುತ್ತಾರೆ. ಮನೆಯಲ್ಲಿ ಈ ಮಾತನ್ನು ಪಾಲಿಸುವುದು ಕಷ್ಟವಲ್ಲ, ಕಷ್ಟವೆಲ್ಲ ಪ್ರಯಾಣದಲ್ಲಿ. ಹೆಂಡತಿಯ ತವರು ಮಲೆನಾಡಿನ ಕಡೆ ಇರುವುದರಿಂದ, ಅವಳಿಗೆ ರಜೆ ಸಿಗದಿದ್ದಾಗ ನಾನೊಬ್ಬನೇ ಮಗಳನ್ನು ಕರೆದುಕೊಂಡು ಬಸ್ಸಿನಲ್ಲಿ ಹೋಗುತ್ತೇನೆ. ‘ಅಪ್ಪಾ, ಸುಸ್ಸು ಬಂತು’ ಎಂದು ಇಡೀ ಬಸ್ಸಿಗೆ ಕೇಳುವಂತೆ ಅವಳು ಘೋಷಿಸಿದಾಗ ಪ್ರಯಾಣಿಕರು ನಗುತ್ತಾರೆ, ಚಾಲಕರೂ ಎಷ್ಟೋ ಸಲ ಬಸ್ಸನ್ನು ಬದಿಗೆ ನಿಲ್ಲಿಸಿ ಉಪಕಾರ ಮಾಡಿದ್ದಾರೆ. ಆದರೆ ಬಸ್ಸು ದೊಡ್ಡ ನಿಲ್ದಾಣದಲ್ಲೇ ನಿಂತಿರುವಾಗ, ಶೌಚಾಲಯ ಕಣ್ಣೆದುರಿಗೇ ಇರುವಾಗ, ಮಗಳನ್ನು ಎತ್ತಿಕೊಂಡು ಯಾವ ಬಾಗಿಲಿಗೆ ಹೋಗಬೇಕು?

ಮಹಿಳೆಯರ ಶೌಚಾಲಯಕ್ಕೆ ನಾನು ಹೋಗುವಂತಿಲ್ಲ, ಹೋಗಲೂಬಾರದು. ಪುರುಷರ ಕಡೆ ಬಾಗಿಲು ದಾಟಿದ ತಕ್ಷಣ ಗಂಡಸರು ಸಾಲಾಗಿ ಮೂತ್ರಕ್ಕೆ ನಿಂತಿರುತ್ತಾರೆ, ಅವರ ನಡುವೆ ಹೆಣ್ಣುಮಗುವನ್ನು ನಡೆಸಿಕೊಂಡು ಹೋಗಲು ಯಾವ ತಂದೆಗೂ ಮನಸ್ಸು ಬಾರದು. ಒಳಗಿನ ಕೋಣೆ ಖಾಲಿಯಿದ್ದರೂ ನೆಲ ಜಾರುತ್ತದೆ, ಚಿಲಕ ಮುರಿದಿರುತ್ತದೆ, ದೊಡ್ಡವರ ಅಳತೆಗೆ ಮಾಡಿದ ಶೌಚಗುಂಡಿಯನ್ನು ಕಂಡ ಮಗು ಅದರೊಳಗೆ ಬಿದ್ದೇಹೋಗುತ್ತೇನೆಂದು ಹೆದರಿ ನನ್ನ ಕುತ್ತಿಗೆಯನ್ನು ಬಿಗಿಯಾಗಿ ತಬ್ಬಿಕೊಳ್ಳುತ್ತದೆ. ಚೀಲವನ್ನು ಹಲ್ಲಿನಲ್ಲಿ ಕಚ್ಚಿಕೊಂಡು, ಒಂದು ಕೈಯಲ್ಲಿ ಮಗುವನ್ನು ಎತ್ತಿಹಿಡಿದು, ಇನ್ನೊಂದರಲ್ಲಿ ಬಾಗಿಲು ಒತ್ತಿಕೊಂಡು ನಿಲ್ಲುವ ಸ್ಥಿತಿ ಅದು. ಅಲ್ಲೇ ಇದ್ದ ಯಾವುದೋ ತಾಯಿ ‘ಕೊಡಿ, ನಾನು ಕರ್ಕೊಂಡು ಹೋಗ್ತೀನಿ’ ಎಂದು ಕೈಚಾಚಿದ್ದುಂಟು. ಅವರ ಒಳ್ಳೆಯತನದ ಬಗ್ಗೆ ನನಗೆ ಸಂದೇಹವಿಲ್ಲ. ಆದರೆ ಗುರುತಿಲ್ಲದವರ ಜೊತೆ ಶೌಚಾಲಯಕ್ಕೆ ಹೋಗಬಾರದು, ಮೈಮುಟ್ಟಲು ಬಿಡಬಾರದು ಎಂದು ಮಕ್ಕಳಿಗೆ ಕಲಿಸಬೇಕಾದ ನಾವೇ ಗುರುತಿಲ್ಲದವರ ಕೈಗೆ ಮಗುವನ್ನು ಒಪ್ಪಿಸುವುದು ಹೇಗೆ? ಕೊನೆಗೆ ನಿಲ್ದಾಣದ ಹಿಂದಿನ ಕಾಂಪೌಂಡ್ ಗೋಡೆಯೇ ಗತಿಯಾಗುತ್ತದೆ. ಬಯಲಿನಲ್ಲಿ ಕೂರುವುದು ತಪ್ಪೆಂದು ದೇಶಕ್ಕೆಲ್ಲ ಹೇಳಿಕೊಡುತ್ತಿರುವಾಗ, ಶೌಚವನ್ನು ಆಗತಾನೇ ಕಲಿಯುತ್ತಿರುವ ಮಗುವಿಗೆ ಮೊದಲ ಪಾಠವಾಗಿ ಬಯಲನ್ನೇ ತೋರಿಸಬೇಕಾದ ಈ ಸ್ಥಿತಿ ನನಗೆ ಬಹಳ ನೋವು ತಂದಿದೆ.

ಹಲವು ನಿಲ್ದಾಣಗಳಲ್ಲಿ ಮಗುವಿಗೆ ಹಾಲುಣಿಸುವ ಕೊಠಡಿಗಳಾಗಿರುವುದು ನಿಜಕ್ಕೂ ಸಂತೋಷದ ಸಂಗತಿ. ಅಲ್ಲಿ ಪುರುಷರಿಗೆ ಪ್ರವೇಶವಿಲ್ಲದಿರುವುದು ನ್ಯಾಯವಾದದ್ದು, ಅದನ್ನು ಸಡಿಲಿಸಬೇಕೆಂದು ನಾನು ಕೇಳುವುದಿಲ್ಲ. ಆದರೆ ಬಟ್ಟೆ ಬದಲಿಸುವ ಹಲಗೆಯೂ ಕೈತೊಳೆಯುವ ನಲ್ಲಿಯೂ ಆ ಒಂದೇ ಕೊಠಡಿಯಲ್ಲಿದ್ದರೆ ತಂದೆಯ ಜೊತೆ ಬಂದ ಮಗುವಿಗೆ ಅವೆರಡೂ ಇಲ್ಲದಂತೆಯೇ. ಸಾರ್ವಜನಿಕ ಸ್ಥಳಗಳಲ್ಲಿ ಹಾಲುಣಿಸುವ ಮತ್ತು ಮಗುವಿನ ಆರೈಕೆಯ ಕೊಠಡಿಗಳಿರಬೇಕೆಂಬ ಅರ್ಜಿಯ ಮೇಲೆ ಸುಪ್ರೀಂ ಕೋರ್ಟ್ 2025ರ ಫೆಬ್ರವರಿಯಲ್ಲಿ ನೀಡಿದ ಆದೇಶದಲ್ಲಿ, ಈಗಿರುವ ಕಟ್ಟಡಗಳಲ್ಲಿ ಸಾಧ್ಯವಾದ ಮಟ್ಟಿಗೆ, ಹೊಸದಾಗಿ ಕಟ್ಟುವ ಕಟ್ಟಡಗಳಲ್ಲಿ ಯೋಜನೆಯ ಹಂತದಲ್ಲೇ ಇಂತಹ ಜಾಗ ಮೀಸಲಿಡಬೇಕೆಂಬ ಆಶಯವಿದೆ. ಆ ಆದೇಶವನ್ನು ಜಾರಿಗೆ ತರುವವರು ಹಾಲುಣಿಸುವುದನ್ನೂ ಆರೈಕೆಯನ್ನೂ ಎರಡು ಬೇರೆ ಅಗತ್ಯಗಳೆಂದು ಕಾಣಬೇಕು. ಮೊದಲನೆಯದು ತಾಯಿ ಮಾತ್ರ ಮಾಡಬಲ್ಲ ಕೆಲಸ. ಎರಡನೆಯದನ್ನು ತಂದೆ, ಅಜ್ಜ, ಸೋದರಮಾವ, ಯಾರು ಬೇಕಾದರೂ ಮಾಡಬಲ್ಲರು, ಮಾಡುತ್ತಲೂ ಇದ್ದಾರೆ.

ಮಗುವೆಂದರೆ ತಾಯಿಯ ಹೊಣೆ ಎಂಬ ಎಣಿಕೆ ಕಟ್ಟಡಗಳಲ್ಲಿ ಮಾತ್ರ ಇರುವುದಲ್ಲ. ಹೆರಿಗೆ ರಜೆಯನ್ನು 26 ವಾರಗಳಿಗೆ ಏರಿಸಿದ 2017ರ ತಿದ್ದುಪಡಿಯು 50 ಮತ್ತು ಅದಕ್ಕಿಂತ ಹೆಚ್ಚು ನೌಕರರಿರುವ ಕಡೆ ಶಿಶುಪಾಲನಾ ಕೇಂದ್ರವಿರಬೇಕೆಂದಿತು; ಅದು ಬಹಳ ಒಳ್ಳೆಯ ಹೆಜ್ಜೆ. ಆದರೆ ಅಲ್ಲಿಗೆ ದಿನಕ್ಕೆ ನಾಲ್ಕು ಸಲ ಹೋಗಿಬರುವ ಅವಕಾಶವನ್ನು ಅದು ಹೇಳಿದ್ದು ತಾಯಿಗೆ ಮಾತ್ರ. ಮಗುವಿಗೆ 16ರಿಂದ 24 ತಿಂಗಳಾದಾಗ ಹಾಕಿಸಬೇಕಾದ ದಡಾರ-ರುಬೆಲ್ಲಾ ಎರಡನೇ ಡೋಸ್ ಮತ್ತು ಡಿಪಿಟಿ ಬೂಸ್ಟರ್‌ಗೆಂದು ನಾನು ‘ತಾಯಿ ಕಾರ್ಡ್’ ಎಂಬ ತಾಯಿ-ಮಗುವಿನ ಆರೋಗ್ಯ ದಾಖಲೆ ಹಿಡಿದು ಮಗಳನ್ನು ಕರೆದೊಯ್ದಾಗ ಎದುರಾದ ಮೊದಲ ಪ್ರಶ್ನೆ, ‘ಮಗುವಿನ ತಾಯಿ ಎಲ್ಲಿ?’ ಎಂಬುದು. ಕೇಳಿದವರ ದನಿಯಲ್ಲಿ ಒರಟುತನವಿರಲಿಲ್ಲ, ಕಾಳಜಿಯೇ ಇತ್ತು. ಚುಚ್ಚಿಸಿಕೊಂಡ ಸಂಜೆ ಜ್ವರ ಬಂದರೆ ಏನು ಮಾಡಬೇಕೆಂಬ ಸಲಹೆಯನ್ನು ಮಾತ್ರ ‘ಮನೆಯಲ್ಲಿ ಅವರಿಗೆ ಹೇಳಿ’ ಎಂಬ ಮಾತಿನೊಂದಿಗೆ ಕೊಟ್ಟರು. ಆ ಸಂಜೆ ಮಗಳ ಹಣೆಗೆ ಒದ್ದೆ ಬಟ್ಟೆ ಹಾಕಿ ಕುಳಿತವನು ನಾನು, ಹೆಂಡತಿ ಪಾಳಿಯಲ್ಲಿದ್ದಳು.

ಇದೇ ಎಣಿಕೆಯ ಇನ್ನೊಂದು ಮುಖವನ್ನು ಮದುವೆ ಮನೆಗಳಲ್ಲಿ ನೋಡುತ್ತೇನೆ. ಪಂಕ್ತಿಯಲ್ಲಿ ಮಗಳಿಗೆ ನಾನು ಅನ್ನ ಕಲೆಸಿ ಉಣಿಸುತ್ತಿದ್ದರೆ ‘ಎಂಥಾ ಗಂಡ ಸಿಕ್ಕಿದಾನಮ್ಮಾ, ಪುಣ್ಯವಂತೆ’ ಎಂದು ಹೆಂಡತಿಗೆ ಹೇಳುವವರಿದ್ದಾರೆ. ಅದೇ ಮಗು ಹೋಳಿಗೆಯನ್ನು ಪಾಯಸದೊಳಗೆ ಮುಳುಗಿಸಿ, ಪಕ್ಕದವರ ರೇಷ್ಮೆ ಸೀರೆಗೆ ಕೈ ಒರೆಸಿದರೆ ‘ತಾಯಿ ಹೇಳಿಕೊಟ್ಟಿಲ್ಲ’ ಎಂಬ ಮಾತು ಬರುತ್ತದೆ. ಒಂದೇ ಮಗುವಿನ ವಿಷಯದಲ್ಲಿ ಹೊಗಳಿಕೆಯೆಲ್ಲ ತಂದೆಗೆ, ದೂರೆಲ್ಲ ತಾಯಿಗೆ ಹಂಚಿಹೋಗುವುದು ಸರಿಯಲ್ಲ. ರಾತ್ರಿ ಪಾಳಿ ಮುಗಿಸಿ ಬಂದು, ನಿದ್ದೆಗಣ್ಣಿನಲ್ಲೇ ಮಗಳ ಜುಟ್ಟು ಕಟ್ಟುವ ನನ್ನ ಹೆಂಡತಿಯನ್ನು ಯಾರೂ ಹೊಗಳಿದ್ದನ್ನು ನಾನು ಕೇಳಿಲ್ಲ.

ರಾಜ್ಯ ಸರ್ಕಾರವು ನರೇಗಾ ಕೆಲಸಕ್ಕೆ ಹೋಗುವವರ ಮಕ್ಕಳಿಗಾಗಿ ಗ್ರಾಮ ಪಂಚಾಯಿತಿ ಮಟ್ಟದಲ್ಲಿ ‘ಕೂಸಿನ ಮನೆ’ಗಳನ್ನು ರೂಪಿಸಿದಾಗ, ಎಳೆಯ ಮಕ್ಕಳ ಹಗಲಿನ ಆರೈಕೆ ಮನೆಯೊಳಗೆ ಮುಗಿದುಹೋಗುವ ವಿಷಯವಲ್ಲವೆಂದು ಒಪ್ಪಿಕೊಂಡಂತಾಯಿತು. 2023ರ ಜೂನ್ 11ರಂದು ‘ಶಕ್ತಿ’ ಯೋಜನೆ ಆರಂಭವಾದ ಮೇಲೆ ಮಹಿಳೆಯರ ಓಡಾಟ ಹೆಚ್ಚಿ, ಮಕ್ಕಳನ್ನು ಕಂಕುಳಲ್ಲಿಟ್ಟುಕೊಂಡ ಕುಟುಂಬಗಳು ನಿಲ್ದಾಣಗಳಲ್ಲಿ ತುಂಬಿರುತ್ತವೆ. ತಂದೆಯಷ್ಟೇ ಅಲ್ಲ, ಐದಾರು ವರ್ಷದ ಗಂಡುಮಗನೊಂದಿಗೆ ಒಬ್ಬಳೇ ಬರುವ ತಾಯಿಗೂ, ಕೈ ಹಿಡಿದು ನಡೆಸಬೇಕಾದ ಪತಿಯನ್ನು ಕರೆತರುವ ವೃದ್ಧೆಗೂ ಇದೇ ಇಕ್ಕಟ್ಟು.

ಆದ್ದರಿಂದ ಸಾರಿಗೆ ನಿಗಮಗಳಲ್ಲಿಯೂ ನಗರ ಸ್ಥಳೀಯ ಸಂಸ್ಥೆಗಳಲ್ಲಿಯೂ ನನ್ನ ವಿನಂತಿ ಇಷ್ಟು. ನಿಲ್ದಾಣದ ಶೌಚಾಲಯ ಸಂಕೀರ್ಣದಲ್ಲಿ, ಪುರುಷರ ಹಾಗೂ ಮಹಿಳೆಯರ ಬಾಗಿಲುಗಳಿಂದ ಬೇರೆಯಾಗಿ, ನೇರವಾಗಿ ಹೊರಗಿನಿಂದಲೇ ಪ್ರವೇಶವಿರುವ ಒಂದು ಕುಟುಂಬ ಕೊಠಡಿ ಬೇಕು. ಅದು ದೊಡ್ಡದಿರಬೇಕಾಗಿಲ್ಲ. ಒಳಗಿನಿಂದ ಭದ್ರವಾಗಿ ಹಾಕಿಕೊಳ್ಳುವ ಚಿಲಕ, ಜಾರದ ನೆಲ, ಮಗುವಿನ ಎತ್ತರಕ್ಕೆ ಕೂರುವ ಒಂದು ಚಿಕ್ಕ ಆಸನ, ಬಟ್ಟೆ ಬದಲಿಸಲು ಸೊಂಟದ ಎತ್ತರದ ಗಟ್ಟಿ ಹಲಗೆ, ಚೀಲ ತೂಗುಹಾಕಲು ಕೊಕ್ಕೆ, ಡೈಪರ್ ಹಾಕಲು ಮುಚ್ಚಳದ ಬುಟ್ಟಿ ಮತ್ತು ಸದಾ ನೀರು ಬರುವ ನಲ್ಲಿ ಇದ್ದರೆ ಸಾಕು. ಹೊಸ ನಿಲ್ದಾಣಗಳ ಟೆಂಡರ್ ದಾಖಲೆಯಲ್ಲೇ ಇದನ್ನು ಸೇರಿಸಿದರೆ ಆಮೇಲೆ ಗೋಡೆ ಒಡೆಯುವ ಖರ್ಚು ತಪ್ಪುತ್ತದೆ. ಬಾಗಿಲ ಮೇಲಿನ ಚಿತ್ರದಲ್ಲಿ ಮಗುವಿನ ಕೈ ಹಿಡಿದ ತಂದೆಯೂ ಇರಲಿ. ಕೊಠಡಿಗೆ ಬೀಗ ಹಾಕಿ ಕೀಲಿಯನ್ನು ನಿಲ್ದಾಣಾಧಿಕಾರಿಯ ಮೇಜಿನಲ್ಲಿ ಇಡುವ ಏರ್ಪಾಡು ಮಾತ್ರ ದಯವಿಟ್ಟು ಬೇಡ. ‘ಸುಸ್ಸು ಬಂತು’ ಎಂದ ಎರಡು ವರ್ಷದ ಮಗುವಿಗೆ ಕೀಲಿ ತರುವವರೆಗೆ ತಡೆದುಕೊಳ್ಳಲು ಆಗುವುದಿಲ್ಲ.

ಇಂತಿ ತಮ್ಮ ವಿಶ್ವಾಸಿ,
ಎರಡೂವರೆ ವರ್ಷದ ಮಗಳ ತಂದೆ,
ದಾವಣಗೆರೆ