ಬಹುಮತ ಬಂತು ಸರಿ, ಆಮೇಲೆ?

ಸಂಪಾದಕರೇ,

‘ಬಹುಮತ ಬಂದಾಯ್ತು, ಇನ್ನೇನು ತಕರಾರು?’ ಈ ಮಾತು ಈಗೀಗ ಜಾಸ್ತಿ ಕೇಳಿಸುತ್ತಿದೆ. ಪ್ರಜಾಪ್ರಭುತ್ವ ಅಂದರೆ ತಲೆ ಎಣಿಸುವುದು, ಎಣಿಸಿದ ಮೇಲೆ ಸೋತವರು ಬಾಯಿ ಮುಚ್ಚಿಕೊಂಡು ಇರಬೇಕು ಅನ್ನುವ ಧಾಟಿ. ನನಗೆ ಇದು ಒಪ್ಪಿಗೆಯಿಲ್ಲ.

ಸ್ವಿಟ್ಜರ್ಲೆಂಡ್ ನೋಡಿ. ದೊಡ್ಡ ವಿಷಯ ಬಂದರೆ ಬೇಕೋ ಬೇಡವೋ ಅಂತ ನೇರವಾಗಿ ಜನರನ್ನೇ ಕೇಳುವ ದೇಶ ಅದು. ಅಲ್ಲಿ 1959ರಲ್ಲಿ ಹೆಂಗಸರಿಗೆ ಮತದಾನದ ಹಕ್ಕು ಕೊಡೋಣವೇ ಅಂತ ಮತ ಹಾಕಿಸಿದರು. ಹಾಕಿದವರು ಯಾರು? ಗಂಡಸರು ಮಾತ್ರ! ನೂರಕ್ಕೆ ಸುಮಾರು 67 ಮಂದಿ ಬೇಡ ಅಂದರು. ಎಣಿಕೆಯಲ್ಲಿ ಮೋಸವಿಲ್ಲ, ಎಲ್ಲವೂ ನಿಯಮದ ಪ್ರಕಾರ. ಅರ್ಧ ದೇಶ ಹೊರಗೆ ನಿಂತಿತ್ತು, ಅಷ್ಟೇ.

ಆದರೆ ಆ ಹೆಂಗಸರು ಸೋತೆವು ಅಂತ ಸುಮ್ಮನಿರಲಿಲ್ಲ. ಬರೆದರು, ವಾದಿಸಿದರು, 1969ರಲ್ಲಿ ರಾಜಧಾನಿ ಬರ್ನ್‌ಗೆ ಮೆರವಣಿಗೆ ಹೋದರು. 1971ರಲ್ಲಿ ಗಂಡಸರೇ ಮತ ಹಾಕಿ ಹಕ್ಕು ಕೊಟ್ಟರು. ಬೀದಿಗಿಳಿಯುವ, ಬರೆಯುವ ಸ್ವಾತಂತ್ರ್ಯವೇ ಇಲ್ಲದಿದ್ದರೆ ಅವರ ಮನಸ್ಸು ಬದಲಾಗುತ್ತಿತ್ತಾ? ವ್ಯಕ್ತಿಯ ಸ್ವಾತಂತ್ರ್ಯ ಬಹುಮತಕ್ಕೆ ಅಡ್ಡಗಾಲು ಅನ್ನುವವರು ಇದನ್ನು ಮರೆಯುತ್ತಾರೆ.

ಕಥೆ ಅಲ್ಲಿಗೂ ಮುಗಿಯಲಿಲ್ಲ. ಆಪೆನ್‌ಜೆಲ್ ಇನ್ನರ್‌ರೋಡನ್ ಅನ್ನುವ ಪುಟ್ಟ ಪ್ರಾಂತ್ಯದಲ್ಲಿ ಬಯಲಲ್ಲಿ ಸಭೆ ಸೇರಿ ಕೈ ಎತ್ತಿ ತೀರ್ಮಾನ ಮಾಡುವ ಪದ್ಧತಿ, ಅಲ್ಲಿನ ಗಂಡಸರು ತಮ್ಮ ಪ್ರಾಂತ್ಯದ ವಿಷಯಕ್ಕೆ ಹೆಂಗಸರು ಬೇಡವೇ ಬೇಡ ಅಂತ 1990ರ ಏಪ್ರಿಲ್‌ನಲ್ಲೂ ಹೇಳಿದರು. 1990ರಲ್ಲಿ! ಅದೇ ನವೆಂಬರ್‌ನಲ್ಲಿ ದೇಶದ ಉನ್ನತ ನ್ಯಾಯಾಲಯ ಹೆಂಗಸರ ಪರ ತೀರ್ಪು ಕೊಟ್ಟಿತು. ಬಹುಮತ ಮುರಿದುಬಿತ್ತು. ನನ್ನ ಮಟ್ಟಿಗೆ ಆ ಊರಿಗೆ ಪ್ರಜಾಪ್ರಭುತ್ವ ಬಂದಿದ್ದು ಏಪ್ರಿಲ್‌ನಲ್ಲಲ್ಲ, ನವೆಂಬರ್‌ನಲ್ಲಿ.

ಜನ ಆರಿಸದ ನಾಲ್ಕು ನ್ಯಾಯಾಧೀಶರು ಜನರಿಗಿಂತ ದೊಡ್ಡವರಾ ಅಂತ ನೀವು ಕೇಳಬಹುದು. ಪೊಳ್ಳು ಪ್ರಶ್ನೆಯಲ್ಲ ಅದು, ನನಗೂ ಕಾಡುತ್ತದೆ. ಅವರೂ ಎಡವುತ್ತಾರೆ. ಧರ್ಮದ ಕಾರಣ ಕೊಟ್ಟು ಶಾಲೆಯಲ್ಲಿ ಧ್ವಜಕ್ಕೆ ವಂದಿಸದ ಯೆಹೋವನ ಸಾಕ್ಷಿಗಳ ಪಂಗಡದ ಮಕ್ಕಳನ್ನು ಹೊರಹಾಕಿದ್ದು ಸರಿ ಅಂತ ಅಮೆರಿಕದ ಸುಪ್ರೀಂ ಕೋರ್ಟ್ 1940ರಲ್ಲಿ ಹೇಳಿತು. ಎಂಟು ಜನ ಒಂದು ಕಡೆ, ಒಬ್ಬರು ಮಾತ್ರ ಇನ್ನೊಂದು ಕಡೆ. ಆಮೇಲೆ ಆ ಪಂಗಡದವರ ಮೇಲೆ ಗುಂಪು ದಾಳಿಗಳೂ ನಡೆದವು. ಪತ್ರಿಕೆಗಳು ತೀರ್ಪನ್ನು ಟೀಕಿಸಿದವು. ಎರಡೇ ವರ್ಷದಲ್ಲಿ ಆ ಎಂಟರಲ್ಲಿ ಮೂವರು, ನಾವು ಅಂದು ತಪ್ಪಿದೆವು ಅಂತ ಬಹಿರಂಗವಾಗಿ ಒಪ್ಪಿಕೊಂಡರು. 1943ರಲ್ಲಿ, ಮಹಾಯುದ್ಧ ನಡೆಯುತ್ತಿರುವಾಗಲೇ, ಕೋರ್ಟ್ ತನ್ನ ತೀರ್ಪನ್ನು ತಾನೇ ತಿರುಗಿಸಿತು. ಇಲ್ಲೂ ತಪ್ಪು ತಿದ್ದಿದ್ದು ಎದುರು ಮಾತಾಡುವ ಸ್ವಾತಂತ್ರ್ಯವೇ ಅಲ್ವಾ?

ಹಾಗಂತ ಎಲ್ಲದಕ್ಕೂ ‘ನನ್ನ ಇಷ್ಟ’ ಅನ್ನಲು ಆಗುವುದಿಲ್ಲ. ತೆರಿಗೆ ಎಷ್ಟು, ರಸ್ತೆ ಎಲ್ಲಿ ಹೋಗಬೇಕು, ಇವಕ್ಕೆಲ್ಲ ಧಾರಾಳವಾಗಿ ತಲೆ ಎಣಿಸಿ. ನಾನು ಏನು ನಂಬಬೇಕು, ಯಾರನ್ನು ಮದುವೆಯಾಗಬೇಕು, ನಾಳೆ ನಿಮ್ಮ ವಿರುದ್ಧ ಬರೆಯಬಹುದೋ ಇಲ್ಲವೋ ಅನ್ನುವುದನ್ನು ಮಾತ್ರ ಆ ಎಣಿಕೆಗೆ ತರಬೇಡಿ. ತೆರಿಗೆ ವಿಷಯದಲ್ಲಿ ಸೋತರೆ ನಾನು ಮರುಮಾತಿಲ್ಲದೆ ಕಟ್ಟುತ್ತೇನೆ. ಮರುಮಾತಿಲ್ಲದೆ ಅಂದೆನಾ? ಇಲ್ಲ, ಗೊಣಗುತ್ತಲೇ ಕಟ್ಟುತ್ತೇನೆ.

– ಒಬ್ಬ ಓದುಗ