ಅತಿಥಿ ಉಪನ್ಯಾಸಕಿಯಾಗಿ ದುಡಿದ ವರ್ಷಗಳ ಲೆಕ್ಕ

ತೀರ್ಥಹಳ್ಳಿ

ಪ್ರೀತಿಯ ಪುಟ್ಟಿ,

ಮೊನ್ನೆ ಫೋನಿನಲ್ಲಿ ನೀನು ಕೇಳಿದ್ದಕ್ಕೆ ಬಾಯಿಮಾತಲ್ಲಿ ಉತ್ತರ ಹೇಳಿ ಮುಗಿಸಲು ಮನಸ್ಸಾಗಲಿಲ್ಲ. ಇಂಥ ವಿಷಯ ಬರಹದಲ್ಲಿ ಇದ್ದರೆ ಬೇಕಾದಾಗ ತೆಗೆದು ನೋಡಬಹುದು.

ಅತಿಥಿ ಉಪನ್ಯಾಸಕಿಯಾಗಿ ದುಡಿದ ವರ್ಷಗಳು, ಈಗ ಕಾಯಂ ಆದ ಮೇಲೆ, ಬಡ್ತಿಗೆ ಲೆಕ್ಕಕ್ಕೆ ಬರುತ್ತವಾ ಅಂತ ನೀನು ಕೇಳಿದೆ. ಈಗಿರುವ ನಿಯಮದಲ್ಲಿ ಬರುವುದು ಬಹಳ ಕಷ್ಟ. ಯುಜಿಸಿಯ, ಅಂದರೆ ವಿಶ್ವವಿದ್ಯಾಲಯ ಅನುದಾನ ಆಯೋಗದ, 2010ರ ನಿಯಮಾವಳಿ, ಅತಿಥಿ ಉಪನ್ಯಾಸಕರ ಸೇವೆ ಎಷ್ಟೇ ಕಾಲದ್ದಾದರೂ ಎಣಿಸುವುದಿಲ್ಲ ಅಂತ ನೇರವಾಗಿಯೇ ಹೇಳಿತ್ತು. 2018ರಲ್ಲಿ ಅದು ಬದಲಾಯಿತು. ತಾತ್ಕಾಲಿಕ ಸೇವೆ, ಗುತ್ತಿಗೆ ಸೇವೆ, ಹೆಸರು ಏನೇ ಇರಲಿ, ಎಣಿಸಬಹುದು ಅಂತ ಬಂತು. ಓದಿದಾಗ ನನಗೆಷ್ಟು ಖುಷಿಯಾಗಿತ್ತು! ಆದರೆ ಅದರ ಕೆಳಗೇ ಷರತ್ತುಗಳಿವೆ. ವಿದ್ಯಾರ್ಹತೆ ಇರಬೇಕು, ಅದು ನಿನಗಿತ್ತು. ಕ್ರಮಬದ್ಧವಾದ ಆಯ್ಕೆ ಸಮಿತಿಯ ಶಿಫಾರಸಿನ ಮೇಲೆ ನೇಮಕ ಆಗಿರಬೇಕು. ಜೊತೆಗೆ, ಆಗ ಸಿಗುತ್ತಿದ್ದ ಒಟ್ಟು ಸಂಬಳ ಕಾಯಂ ಸಹಾಯಕ ಪ್ರಾಧ್ಯಾಪಕರ ಸಂಬಳಕ್ಕಿಂತ ಕಡಿಮೆ ಇರಬಾರದು.

ಈ ಕೊನೆಯ ಷರತ್ತು ನನ್ನ ಹೊಟ್ಟೆ ಉರಿಸುತ್ತದೆ. 2022ರ ಜನವರಿಗೆ ಮೊದಲು ನಮ್ಮ ಸರ್ಕಾರಿ ಪದವಿ ಕಾಲೇಜುಗಳಲ್ಲಿ ನೆಟ್ (ಉಪನ್ಯಾಸಕರ ಅರ್ಹತಾ ಪರೀಕ್ಷೆ) ಪಾಸಾದ ಅತಿಥಿ ಉಪನ್ಯಾಸಕರಿಗೂ ಸಿಗುತ್ತಿದ್ದುದು ತಿಂಗಳಿಗೆ 13 ಸಾವಿರ. ಕಾಯಂ ಆದವರ ಮೂಲವೇತನವೇ 57,700ರಿಂದ ಶುರು. ಆಷಾಢದ ಮಳೆಯಲ್ಲಿ ತಗಡಿನ ಮಾಡಿನ ಸದ್ದನ್ನು ಮೀರಿಸಿ ಪಾಠ ಮಾಡಿ, ಸಂಜೆ ಬಸ್ಸಿಳಿಯುವಾಗ ನಿನ್ನ ಗಂಟಲು ಕಟ್ಟಿರುತ್ತಿತ್ತು. ಪಕ್ಕದ ಕ್ಲಾಸಿನ ಕಾಯಂ ಮೇಡಂ ಮಾಡುತ್ತಿದ್ದುದೂ ಅದೇ ಸಿಲೆಬಸ್. ಕಡಿಮೆ ಕೊಟ್ಟಿದ್ದು ಸರ್ಕಾರ. ಈಗ ಆ ಕಡಿಮೆ ಸಂಬಳವನ್ನೇ ತೋರಿಸಿ ನಿನ್ನ ವರ್ಷಗಳನ್ನು ಅಳಿಸಿದರೆ ಅದು ಅನ್ಯಾಯ. ಯಾರೆದುರು ಬೇಕಾದರೂ ಹಾಗೇ ಹೇಳುತ್ತೇನೆ.

ಕೋರ್ಟುಗಳು ಏನನ್ನುತ್ತವೆ ಅನ್ನುವುದೂ ನಿನಗೆ ಗೊತ್ತಿರಲಿ. 2006ರ ಉಮಾದೇವಿ ಪ್ರಕರಣ ನಮ್ಮ ಕರ್ನಾಟಕದಿಂದಲೇ ಹೋದದ್ದು. ಹಲವು ವರ್ಷ ತಾತ್ಕಾಲಿಕವಾಗಿ ದುಡಿದ ಮಾತ್ರಕ್ಕೆ ಕಾಯಂ ಆಗುವ ಹಕ್ಕು ಹುಟ್ಟುವುದಿಲ್ಲ ಅಂತ ಸುಪ್ರೀಂ ಕೋರ್ಟ್ ಆಗ ಹೇಳಿತು. ಸಂಬಳದ ವಿಷಯದಲ್ಲಿ ಮಾತ್ರ ಗಾಳಿ ಸ್ವಲ್ಪ ತಿರುಗಿದೆ. 2025ರ ಆಗಸ್ಟ್‌ನಲ್ಲಿ ಗುಜರಾತಿನ ಗುತ್ತಿಗೆ ಸಹಾಯಕ ಪ್ರಾಧ್ಯಾಪಕರ ಪ್ರಕರಣದಲ್ಲಿ ಅದೇ ಕೋರ್ಟು, 30 ಸಾವಿರಕ್ಕೆ ದುಡಿಯುತ್ತಿದ್ದವರಿಗೆ ಆ ಹುದ್ದೆಯ ವೇತನಶ್ರೇಣಿಯ ಕನಿಷ್ಠ ಸಂಬಳವನ್ನಾದರೂ ಕೊಡಬೇಕು ಅಂದಿತು. ಹಿಂಬಾಕಿ ಸಿಕ್ಕಿದ್ದು ಅರ್ಜಿ ಹಾಕುವುದಕ್ಕೆ ಹಿಂದಿನ ಮೂರು ವರ್ಷದ್ದು. ಅವರೆಲ್ಲ ಆಯ್ಕೆ ಪ್ರಕ್ರಿಯೆ ಮುಗಿಸಿ ಬಂದವರು, ನಿನ್ನ ಸಂಗತಿ ಪೂರ್ತಿ ಹಾಗಲ್ಲ. ಆದರೂ ವಕೀಲರ ಹತ್ತಿರ ಹೋಗುವಾಗ ಈ ತೀರ್ಪಿನ ಪ್ರತಿ ಕೈಯಲ್ಲಿರಲಿ.

ಹಳೆಯ ವರ್ಷಗಳ ಹೋರಾಟ ಏನೇ ಆಗಲಿ, ಕಾಯಂ ಆದ ದಿನದಿಂದ ಒಂದು ದಿನವನ್ನೂ ಕಳೆದುಕೊಳ್ಳಬೇಡ. ನಿನಗೆ ಪಿಎಚ್.ಡಿ. ಇದೆ, ಹಾಗಾಗಿ ಮೊದಲ ಬಡ್ತಿಗೆ ನಾಲ್ಕೇ ವರ್ಷ. ಎಂ.ಫಿಲ್. ಆದವರಿಗೆ ಐದು, ಉಳಿದವರಿಗೆ ಆರು. ಬಡ್ತಿಗೆ ಬೇಕಾದ ಓರಿಯೆಂಟೇಶನ್, ರಿಫ್ರೆಶರ್ ಕೋರ್ಸುಗಳನ್ನು ಆಮೇಲೆ ಮಾಡಿದರಾಯ್ತು ಅಂತ ಬಿಡಬೇಡ. ಅವಧಿ ತುಂಬಿದ ಕೂಡಲೇ ಅರ್ಜಿ ಕೊಟ್ಟು ಆಯ್ಕೆಯಾದರೆ, ಸಂದರ್ಶನ ಎಷ್ಟೇ ತಡವಾಗಿರಲಿ, ಬಡ್ತಿ ಅರ್ಹತೆಯ ದಿನದಿಂದಲೇ ಸಿಗಬೇಕು. ಇದು ಯುಜಿಸಿ ನಿಯಮದಲ್ಲೇ ಇದೆ. ಅದರ ಜೊತೆಗೆ ರಾಜ್ಯ ಸರ್ಕಾರದ ಆದೇಶವನ್ನೂ ಇಟ್ಟುಕೊಂಡು ಓದು. ರಾಜ್ಯ ಒಪ್ಪಿಕೊಂಡ ಮೇಲಷ್ಟೇ ಯುಜಿಸಿಯ ಮಾತು ಇಲ್ಲಿ ನಡೆಯುತ್ತದೆ ಅಂತ ಎಷ್ಟೋ ಕೇಸುಗಳಲ್ಲಿ ವಾದ ಆಗಿದೆ.

ನನ್ನ ಬಡ್ತಿ ಆದೇಶದಲ್ಲಿ ಹಾಕಿದ್ದು ಸಂದರ್ಶನದ ದಿನ. ಅರ್ಹತೆಯ ದಿನಕ್ಕೂ ಅದಕ್ಕೂ ನಡುವೆ ಫೈಲು ಯಾರದೋ ಮೇಜಿನ ಮೇಲೆ ಮಲಗಿತ್ತು. ನನ್ನನ್ನು ಕಾಪಾಡಿದ್ದು ಅರ್ಜಿಯ ಎರಡನೇ ಪ್ರತಿ. ಅದರ ಮೂಲೆಯಲ್ಲಿ ನೇರಳೆ ಬಣ್ಣದ ಟಪಾಲು ಸೀಲು, ಒಳಗೆ ತಾರೀಕು, ಪಕ್ಕದಲ್ಲಿ ಗುಮಾಸ್ತರ ಗೀಚು ಸಹಿ. ಮಳೆಗಾಲದ ತೇವಕ್ಕೆ ಕಾಗದ ಬೂಸಲು ಹಿಡಿದಿತ್ತು, ಸೀಲು ಮಾತ್ರ ಓದಲು ಬರುತ್ತಿತ್ತು. ಬೆಂಗಳೂರಿನ ಕೆಎಟಿಯಲ್ಲಿ, ಅಂದರೆ ಸರ್ಕಾರಿ ನೌಕರರ ಸೇವಾ ತಕರಾರು ನೋಡುವ ಕರ್ನಾಟಕ ಆಡಳಿತ ನ್ಯಾಯಮಂಡಳಿಯಲ್ಲಿ, ನಮ್ಮ ವಕೀಲರು ಮೊದಲು ತೋರಿಸಿದ್ದೇ ಅದನ್ನು. ನೀನೂ ಸ್ವೀಕೃತಿ ಇಲ್ಲದೆ ಒಂದು ಚೀಟಿಯನ್ನೂ ಕಚೇರಿಗೆ ಕೊಡಬೇಡ. ವರ್ಷಕ್ಕೊಮ್ಮೆ ಸೇವಾ ಪುಸ್ತಕ ಕೇಳಿ ನೋಡು. ರಜೆ, ಇನ್‌ಕ್ರಿಮೆಂಟು ಎಲ್ಲ ಸರಿಯಾಗಿ ಏರಿಸಿದ್ದಾರಾ ಅಂತ ಸಾಲು ಸಾಲಾಗಿ ಓದು.

ವಾಯಿದೆಯ ವಿಷಯದಲ್ಲಿ ತುಂಬಾ ಜನ ಸೋಲುತ್ತಾರೆ. ಅಂತಿಮ ಆದೇಶ ಬಂದರೆ ಅಲ್ಲಿಂದ ಒಂದು ವರ್ಷದೊಳಗೆ ಕೆಎಟಿಗೆ ಹೋಗಬೇಕು. ಮನವಿಗೆ ಉತ್ತರವೇ ಬಾರದಿದ್ದರೆ ಆರು ತಿಂಗಳು ಕಾಯಬೇಕು, ಅದಾದ ಮೇಲೆ ಒಂದು ವರ್ಷ. ಸುಮ್ನೆ ಮನವಿಯ ಮೇಲೆ ಮನವಿ ಕೊಡುತ್ತಾ ಕೂತರೆ ಗಡುವು ಮುಂದಕ್ಕೆ ಹೋಗುವುದಿಲ್ಲ. ಸಂಬಳ ಕಡಿಮೆ ನಿಗದಿಯಾಗಿದ್ದರೆ ತಡವಾಗಿಯೂ ಕೇಳಬಹುದು, ಅದು ಪ್ರತಿ ತಿಂಗಳೂ ನಡೆಯುವ ತಪ್ಪು. ಹಿಂಬಾಕಿ ಮಾತ್ರ ಮಾಮೂಲಾಗಿ ಮೂರು ವರ್ಷಕ್ಕೇ ನಿಲ್ಲುತ್ತದೆ. ಬಡ್ತಿ, ಜ್ಯೇಷ್ಠತೆಯಲ್ಲಿ ಬೇರೆಯವರ ಜಾಗವೂ ಸೇರಿರುವುದರಿಂದ ತಡ ಮಾಡಿದವರನ್ನು ಕೋರ್ಟು ಅಷ್ಟು ಸುಲಭಕ್ಕೆ ಕೇಳಿಸಿಕೊಳ್ಳುವುದಿಲ್ಲ.

ಸರ್ಕಾರದ ಮೇಲೆ ಕೇಸು ಹಾಕಿದರೆ ಪ್ರಿನ್ಸಿಪಾಲರು ಏನಂದುಕೊಳ್ಳುತ್ತಾರೋ ಅಂತ ನೀನು ಹೆದರಿದ್ದು ನನಗೆ ಸಂಕಟವಾಯಿತು. ಬಡ್ತಿ ಕೊಡಲೇಬೇಕು ಅನ್ನುವ ಹಕ್ಕು ಯಾರಿಗೂ ಇಲ್ಲ, ನಿಜ. ಆದರೆ ಅರ್ಹತೆ ಇದ್ದವರನ್ನು ಪರಿಗಣಿಸಬೇಕು ಅನ್ನುವುದು ಸಂವಿಧಾನ ಕೊಟ್ಟ ಹಕ್ಕು. ಅದನ್ನು ಕೇಳುವುದು ಯಾರ ಮೇಲಿನ ಜಗಳವೂ ಅಲ್ಲ. ಮರುದಿನ ಎಂದಿನಂತೆ ಕ್ಲಾಸಿಗೆ ಹೋಗು, ಮಕ್ಕಳಿಗೆ ಚೆನ್ನಾಗಿ ಪಾಠ ಮಾಡು.

ಅತಿಥಿಯಾಗಿದ್ದ ಕಾಲದ ಆದೇಶಗಳು, ಗೌರವಧನ ಜಮೆಯಾದ ಬ್ಯಾಂಕ್ ಪಾಸ್‌ಬುಕ್, ಕಾರ್ಯಭಾರದ ಪಟ್ಟಿ ಎಲ್ಲ ನಿನ್ನ ಹಳೆಯ ಟ್ರಂಕಿನಲ್ಲಿವೆ. ಬಿಸಿಲಿಗೆ ಹಾಕಿ ಜೆರಾಕ್ಸ್ ಮಾಡಿಸಿ ಇಡುತ್ತೇನೆ. ನೀನು ಕಾಯಂ ನೇಮಕದ ಆದೇಶ ಮತ್ತು ಹಾಜರಾದ ವರದಿಯ ಪ್ರತಿ ಕಳಿಸು. ಮನವಿಯ ಕರಡು ನಾನು ಬರೆಯುತ್ತೇನೆ, ಶಿವಮೊಗ್ಗದ ವಕೀಲರಿಗೆ ಒಟ್ಟಿಗೆ ತೋರಿಸೋಣ.

ನಿನ್ನ
ಅಮ್ಮ